ಕೋಟೆಯ ಕಳ್ಳದಾರಿ, ಆಟದ ಕಳ್ಳದಾರಿ

ಶಿರಸಿಯಿಂದ ಸೋಂದೆಗೆ ಹೋಗುವವರು ಸಾಮಾನ್ಯವಾಗಿ ಮಠಗಳನ್ನು ನೋಡಿ, ಶಾಲ್ಮಲೆಯ ಸಹಸ್ರಲಿಂಗವನ್ನು ನೋಡಿ ಹಿಂದಿರುಗುತ್ತಾರೆ. ಕೋಟೆಯ ಕಡೆಗೆ ಹೊರಳುವವರು ಕಡಿಮೆ. ನೀವು ಹೋದರೆ ಅಲ್ಲಿ ಅರಮನೆಯೇನೂ ಕಾಣಿಸದು. ಕೆತ್ತನೆಯ ಗಿಡ್ಡ ಕಂಬಗಳ ಮೇಲೆ ಹಾಸಿದ ಒಂದೇ ಕಲ್ಲಿನ ದೊಡ್ಡ ಚಪ್ಪಡಿ ಕಂಡೀತು. ಅರಸರ ಮಂಚವೆಂದು ಕೆಲವರು, ಸಿಂಹಾಸನವೆಂದು ಕೆಲವರು ಅದನ್ನು ಕರೆಯುತ್ತಾರೆ. 1555ರಲ್ಲಿ ಅರಸಪ್ಪನಾಯಕನಿಂದ ಆರಂಭವಾದ ಸೋಂದೆಯ ಅರಸುಮನೆತನ ಇಲ್ಲಿಂದ ಎರಡು ಶತಮಾನ ಆಳಿತು. 1763ರ ಕೊನೆಯಲ್ಲಿ ಹೈದರಾಲಿಯ ಸೇನಾನಿ ಫಜಲುಲ್ಲಾ ಖಾನ್ ಬಂದಾಗ ಇಮ್ಮಡಿ ಸದಾಶಿವರಾಯ ಗೋವೆಗೆ ಹೋಗಿ ಪೋರ್ಚುಗೀಸರ ಆಶ್ರಯ ಪಡೆದ.

ಆದರೆ ಸೋಂದೆಯ ಹಣೆಬರಹ ತೀರ್ಮಾನವಾದದ್ದು ಸೋಂದೆಯಲ್ಲಲ್ಲ. ಅದೇ ವರ್ಷದ ಮೊದಲಲ್ಲಿ, ಕೆಳದಿಯ ಅರಸರ ರಾಜಧಾನಿ ಬಿದನೂರಿನಲ್ಲಿ. ಕಾಡು, ಬೆಟ್ಟ, ಹೆಬ್ಬಾಗಿಲುಗಳ ಸಾಲು ಇವೆಲ್ಲ ಇದ್ದ ಬಿದನೂರನ್ನು ಎದುರಿನಿಂದ ಹೊಡೆಯುವುದು ಸುಲಭವಾಗಿರಲಿಲ್ಲ. ಮಾರ್ಕ್ ವಿಲ್ಕ್ಸ್ ಬರೆದ ಮೈಸೂರಿನ ಇತಿಹಾಸದ ಪ್ರಕಾರ, ಸೆರೆಯಲ್ಲಿದ್ದ ಮಾಜಿ ಮಂತ್ರಿ ಲಿಂಗಣ್ಣನು ಊರೊಳಕ್ಕೆ ನುಸುಳುವ ಗುಪ್ತದಾರಿಯೊಂದನ್ನು ಹೈದರನಿಗೆ ತಿಳಿಸಿದ. ಹೆಬ್ಬಾಗಿಲುಗಳ ಮುಂದೆ ಹುಸಿ ಕದನ ನಡೆಯುತ್ತಿರುವಾಗ ಹೈದರನ ಪಡೆ ಆ ದಾರಿಯಲ್ಲಿ ಒಳಹೊಕ್ಕಿತು. ರಾಣಿ ವೀರಮ್ಮಾಜಿ ಬಲ್ಲಾಳರಾಯನದುರ್ಗಕ್ಕೆ ಹೋಗಬೇಕಾಯಿತು. ಬಿದನೂರು ಬಿದ್ದ ಮೇಲೆ ನೆರೆಯ ಸೋಂದೆ ಎಷ್ಟು ದಿನ ನಿಂತೀತು?

ಈ ಕಥೆಯನ್ನು ಈಗ ತೆಗೆದುದಕ್ಕೆ ಕಾರಣವಿದೆ. ನಿಮ್ಮಲ್ಲಿ ಹಲವರು ಮೊಬೈಲಿನಲ್ಲೋ ಕಂಪ್ಯೂಟರಿನಲ್ಲೋ ಎಮ್ಯುಲೇಟರ್ ಎಂಬ ತಂತ್ರಾಂಶ ಹಾಕಿಕೊಂಡು, ನಿಮ್ಮ ಅಣ್ಣಂದಿರು ಚಿಕ್ಕಪ್ಪಂದಿರು ಟೀವಿಗೆ ಜೋಡಿಸಿ ಆಡುತ್ತಿದ್ದ ಕಾಂಟ್ರಾ, ಮಾರಿಯೋ ಆಟಗಳನ್ನು ಆಡುತ್ತಿರಬಹುದು. ಆ ಆಟಗಳಿಗೂ ಗುಪ್ತದಾರಿಗಳಿವೆ. ಅವುಗಳಿಗೆ ಚೀಟ್ ಕೋಡ್ ಎಂದು ಹೆಸರು. ಹೆಸರಿನಲ್ಲಿಯೇ ಮೋಸವೆಂಬ ಮಾತಿದೆ. ಆದರೆ ಅವುಗಳ ಹುಟ್ಟಿನಲ್ಲಿ ಮೋಸವಿರಲಿಲ್ಲ.

ಜಪಾನಿನ ಕೊನಾಮಿ ಸಂಸ್ಥೆ 1985ರಲ್ಲಿ ಗ್ರೇಡಿಯಸ್ ಎಂಬ ಬಾಹ್ಯಾಕಾಶ ಯುದ್ಧದ ಆಟವನ್ನು ಹೊರತಂದಿತು. ಮರುವರ್ಷ ಅದನ್ನು ಮನೆಯ ಟೀವಿಗೆ ಜೋಡಿಸುವ ಫ್ಯಾಮಿಕಾಮ್ ಯಂತ್ರಕ್ಕೆ ಹೊಂದಿಸುವ ಕೆಲಸ ಕಜುಹಿಸಾ ಹಾಶಿಮೊಟೊ ಎಂಬ ಎಂಜಿನಿಯರಿನ ಪಾಲಿಗೆ ಬಂತು. ಆಟ ಸರಿಯಾಗಿದೆಯೇ ಎಂದು ಪರೀಕ್ಷಿಸಲು ಅದನ್ನು ಕೊನೆಯವರೆಗೆ ಆಡಿ ನೋಡಬೇಕಷ್ಟೆ. ತಾನೇ ಸಿದ್ಧಪಡಿಸುತ್ತಿದ್ದ ಆಟ ಆತನಿಗೇ ಕಷ್ಟವಾಯಿತು! ಒಂದು ಗೊತ್ತಾದ ಕ್ರಮದಲ್ಲಿ ಗುಂಡಿಗಳನ್ನು ಒತ್ತಿದರೆ ನೌಕೆಗೆ ಎಲ್ಲ ಆಯುಧಗಳೂ ಒಮ್ಮೆಗೇ ದೊರೆಯುವಂತೆ ಆತ ಏರ್ಪಾಟು ಮಾಡಿಕೊಂಡ. ಮೇಲೆ ಮೇಲೆ, ಕೆಳಗೆ ಕೆಳಗೆ, ಎಡ ಬಲ, ಎಡ ಬಲ, ಬಿ, ಎ. ಆಟ ಮಾರುಕಟ್ಟೆಗೆ ಬಂದಾಗಲೂ ಈ ಸೂತ್ರ ಒಳಗೇ ಉಳಿದಿತ್ತು. 1988ರ ಕಾಂಟ್ರಾದಲ್ಲಿ ಇದೇ ಸೂತ್ರ ಮೂರು ಜೀವಗಳ ಬದಲು ಮೂವತ್ತು ಜೀವಗಳನ್ನು ಕೊಟ್ಟಿತು. ಹಾಶಿಮೊಟೊ 2020ರಲ್ಲಿ ತೀರಿಕೊಂಡಾಗ ಜಗತ್ತಿನ ಪತ್ರಿಕೆಗಳು ಆತನನ್ನು ನೆನೆದದ್ದು ಈ ಹತ್ತು ಒತ್ತುಗಳಿಗಾಗಿ.

ನಮ್ಮ ದೇಶಕ್ಕೆ ಈ ಆಟಗಳು ಹೆಚ್ಚಾಗಿ ಬಂದದ್ದು ಫ್ಯಾಮಿಕಾಮಿನ ಅಗ್ಗದ ನಕಲು ಯಂತ್ರಗಳ ಮೂಲಕ, 1990ರ ದಶಕದಲ್ಲಿ. ಅವುಗಳ ಕಾರ್ಟ್ರಿಡ್ಜಿನ ಮೇಲೆ ಸಾವಿರಾರು ಆಟಗಳಿವೆಯೆಂದು ಮುದ್ರಿಸಿರುತ್ತಿತ್ತು. ತೆರೆದು ನೋಡಿದರೆ ಇರುತ್ತಿದ್ದುದು ಬೆರಳೆಣಿಕೆಯ ಆಟಗಳು. ಉಳಿದ ಹೆಸರುಗಳೆಲ್ಲ ಅದೇ ಆಟಗಳನ್ನು ಬೇರೆ ಹಂತದಿಂದಲೋ ಹೆಚ್ಚು ಜೀವಗಳಿಂದಲೋ ಆರಂಭಿಸುವ ಬಾಗಿಲುಗಳು. ಅಂದರೆ ಗಿರಾಕಿಗೆ ಮೋಸ ಮಾಡಲು ತಯಾರಕರು ಚೀಟ್ ಕೋಡನ್ನೇ ಬಳಸಿದ್ದರು ಎನ್ನಬೇಕು. ಮಕ್ಕಳಿಗೆ ಮಾತ್ರ ಅದರಿಂದ ಬೇಸರವೇನೂ ಆಗಲಿಲ್ಲ.

ಇಲ್ಲಿಯವರೆಗಿನದು ತಯಾರಕರೇ ಬಿಟ್ಟ ಬಾಗಿಲು. ಗೋಡೆಗೆ ಹೊರಗಿನಿಂದ ಕನ್ನ ಕೊರೆದವರೂ ಇದ್ದರು. ಬ್ರಿಟನ್ನಿನ ಕೋಡ್‌ಮಾಸ್ಟರ್ಸ್ ಸಂಸ್ಥೆ ಗೇಮ್ ಜೀನಿ ಎಂಬ ಸಾಧನವನ್ನು ರೂಪಿಸಿತು. ಅದನ್ನು ಯಂತ್ರಕ್ಕೂ ಕಾರ್ಟ್ರಿಡ್ಜಿಗೂ ನಡುವೆ ಸಿಕ್ಕಿಸಬೇಕು. ಆರು ಅಥವಾ ಎಂಟು ಅಕ್ಷರಗಳ ಸಂಕೇತ ಕೊಟ್ಟರೆ, ಯಂತ್ರವು ಕಾರ್ಟ್ರಿಡ್ಜಿನ ಒಂದು ನಿರ್ದಿಷ್ಟ ವಿಳಾಸವನ್ನು ಓದಲು ಹೋದಾಗ ಗೇಮ್ ಜೀನಿ ನಡುವೆ ಬಂದು ಬೇರೊಂದು ಸಂಖ್ಯೆಯನ್ನು ಕೈಗಿಡುತ್ತದೆ. ಕಾರ್ಟ್ರಿಡ್ಜು ಹಾಗೆಯೇ ಇರುತ್ತದೆ. ಓದುವವನಿಗೆ ಬೇರೆ ಕಾಣಿಸುತ್ತದೆ. ಅಮೆರಿಕದಲ್ಲಿ ಇದನ್ನು ಮಾರಲು ಹೊರಟ ಗಲೂಬ್ ಸಂಸ್ಥೆಗೂ ಆಟಗಳ ಒಡೆಯರಾದ ನಿಂಟೆಂಡೊದವರಿಗೂ ಮೊಕದ್ದಮೆ ನಡೆಯಿತು. 1991ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದ ನ್ಯಾಯಾಲಯ ಗಲೂಬ್ ಪರ ತೀರ್ಪಿತ್ತಿತು. 1992ರಲ್ಲಿ ಮೇಲಿನ ನ್ಯಾಯಾಲಯ ಅದನ್ನೇ ಎತ್ತಿಹಿಡಿಯಿತು. ಹಣ ಕೊಟ್ಟು ಕೊಂಡ ಪುಸ್ತಕದಲ್ಲಿ ಕೆಲವು ಪುಟಗಳನ್ನು ಹಾರಿಸಿ ಓದುವುದು ಹೇಗೆ ತಪ್ಪಲ್ಲವೋ, ಕೊಂಡ ಆಟವನ್ನು ಮನೆಯಲ್ಲಿ ಬೇರೆ ರೀತಿಯಲ್ಲಿ ಆಡಿ ನೋಡುವುದೂ ಹಾಗೆಯೇ ಎಂಬುದು ತೀರ್ಪಿನ ಧೋರಣೆ. ಮಾರಾಟಕ್ಕೆ ತಡೆಯಿದ್ದ ಅವಧಿಯ ನಷ್ಟಕ್ಕಾಗಿ ನಿಂಟೆಂಡೊ ಸುಮಾರು ಒಂದೂವರೆ ಕೋಟಿ ಡಾಲರ್ ತೆರಬೇಕಾಯಿತು. ಕೊಂಡ ವಸ್ತುವಿನ ಮಾತು ಇದು ಎಂಬುದನ್ನು ಮರೆಯಬೇಡಿ. ಎಮ್ಯುಲೇಟರ್ ತಯಾರಿಸುವುದು ಬೇರೆ. ಆಟದ ಪ್ರತಿಯನ್ನು ಹಕ್ಕಿಲ್ಲದೆ ಇಳಿಸಿಕೊಳ್ಳುವುದು ಬೇರೆ.

ಎಮ್ಯುಲೇಟರ್ ಬಂದ ಮೇಲೆ ಗೇಮ್ ಜೀನಿಯ ಪೆಟ್ಟಿಗೆಯೂ ಬೇಕಾಗಲಿಲ್ಲ. ಹಳೆಯ ಯಂತ್ರದ ನಡೆಯನ್ನು ಹೊಸ ಯಂತ್ರ ಅನುಕರಿಸುವಾಗ ಹಳೆಯದರ ಮೆಮೊರಿಯೆಲ್ಲ ತೆರೆದ ಪುಸ್ತಕವಾಗಿರುತ್ತದೆ. ಫ್ಯಾಮಿಕಾಮಿನ ಕೆಲಸದ ಮೆಮೊರಿ ಎರಡು ಕಿಲೋಬೈಟ್, ಅಂದರೆ 2048 ಗೂಡುಗಳು ಮಾತ್ರ. ಒಂದೊಂದು ಗೂಡಿನಲ್ಲಿ 0ಯಿಂದ 255ರವರೆಗಿನ ಒಂದು ಸಂಖ್ಯೆ. ಮಾರಿಯೋನ ಜೀವ ಯಾವ ಗೂಡಿನಲ್ಲಿದೆ? ಹುಡುಕುವ ಬಗೆ ಬಹಳ ಸರಳ. ಜೀವಗಳ ಸಂಖ್ಯೆಯಿರುವ ಗೂಡುಗಳನ್ನೆಲ್ಲ ಪಟ್ಟಿ ಮಾಡಿ. ಒಂದು ಜೀವ ಕಳೆದುಕೊಳ್ಳಿ. ಪಟ್ಟಿಯಲ್ಲಿ ಒಂದಂಕ ಇಳಿದ ಗೂಡುಗಳನ್ನು ಮಾತ್ರ ಉಳಿಸಿಕೊಳ್ಳಿ. ಇನ್ನೊಂದು ಕಳೆದುಕೊಳ್ಳಿ. ಎರಡು ಮೂರು ಸುತ್ತಿಗೆ ಗೂಡು ಸಿಕ್ಕಿಬೀಳುತ್ತದೆ. ಅಲ್ಲಿ ಬೇಕಾದ ಸಂಖ್ಯೆಯನ್ನು ನೀವೇ ಬರೆಯಬಹುದು.

ಆದರೆ ಸೂಪರ್ ಮಾರಿಯೋ ಬ್ರದರ್ಸ್ ಆಟದಲ್ಲಿ ಮೊದಲ ಸಲ ಹೀಗೆ ಹುಡುಕುವವರು ಎಡವುತ್ತಾರೆ. ಪರದೆಯಲ್ಲಿ 3 ಎಂದಿರುವಾಗ ಒಳಗಿರುವುದು 2. ಈಗ ಆಡುತ್ತಿರುವ ಜೀವವನ್ನು ಯಂತ್ರ ಲೆಕ್ಕಕ್ಕೆ ಹಿಡಿದಿರುವುದಿಲ್ಲ! ನಮ್ಮ ಎಣಿಕೆ ಬೇರೆ, ಅದರ ಎಣಿಕೆ ಬೇರೆ ಎಂದು ಪಾಠದ ಪುಸ್ತಕಕ್ಕಿಂತ ಮುಂಚೆ ಈ ಆಟದಿಂದಲೇ ಕಲಿತವರಿದ್ದಾರೆ. ಗಣಕದ ಮೇಷ್ಟರು ಒಪ್ಪಲಿ ಬಿಡಲಿ, ಮೆಮೊರಿ ಎಂದರೇನೆಂದು ತಿಳಿಯಲು ಇದಕ್ಕಿಂತ ಒಳ್ಳೆಯ ಪ್ರಯೋಗಶಾಲೆಯನ್ನು ನಾನು ಕಂಡಿಲ್ಲ.

ಹಾಗಾದರೆ ಮೋಸ ಯಾವುದು? ನಮ್ಮ ಕಡೆ ಯಕ್ಷಗಾನ ನೋಡಿ ಬೆಳೆದವರಿಗೆ ಶಕುನಿಯ ದಾಳ ಗೊತ್ತು. ಆ ದಾಳ ತಪ್ಪಾದದ್ದು ಅದರಲ್ಲಿ ಗುಟ್ಟಿತ್ತೆಂದಲ್ಲ; ಎದುರಿಗೆ ಗುಟ್ಟರಿಯದ ಧರ್ಮರಾಯ ಕುಳಿತಿದ್ದನೆಂದು. ಲಿಂಗಣ್ಣ ತಿಳಿಸಿದ ದಾರಿಯ ಕೊನೆಯಲ್ಲಿಯೂ ಜನವಿದ್ದರು, ಒಂದು ಊರಿತ್ತು, ಅದರಾಚೆ ಸೋಂದೆಯಿತ್ತು. ರಾತ್ರಿ ಒಬ್ಬನೇ ಕುಳಿತು ಮೂವತ್ತು ಜೀವ ಪಡೆದು ಕಾಂಟ್ರಾದ ಕೊನೆಯ ಹಂತ ನೋಡುವವನ ಎದುರಿಗೆ ಯಾರಿದ್ದಾರೆ? ಯಾರೂ ಇಲ್ಲ. ಅದೇ ಹುಡುಗ ಆ ಅಂಕವನ್ನು ಗೆಳೆಯರ ಮುಂದೆ ತನ್ನ ಕೈಚಳಕವೆಂದು ಹೇಳಿಕೊಂಡರೆ ಎದುರಿಗೆ ಗೆಳೆಯರು ಬಂದು ಕುಳಿತರು. ಹಳೆಯ ಆಟಗಳ ಸಾಧನೆಗಳನ್ನು ದಾಖಲಿಸುವ ರೆಟ್ರೊ ಅಚೀವ್‌ಮೆಂಟ್ಸ್ ಎಂಬ ಏರ್ಪಾಟಿನಲ್ಲಿ ಈ ಗೆರೆಯನ್ನು ಸ್ಪಷ್ಟವಾಗಿ ಎಳೆದಿದ್ದಾರೆ. ಕಠಿಣ ಪಂಥವನ್ನು ಆರಿಸಿಕೊಂಡವರಿಗೆ ಚೀಟ್ ಕೋಡ್ ಇಲ್ಲ. ಆಟವನ್ನು ನಡುವೆ ಉಳಿಸಿಟ್ಟು ಸೋತಾಗ ಮತ್ತೆ ಅಲ್ಲಿಂದ ಆರಂಭಿಸುವ ಸೌಕರ್ಯವೂ ಇಲ್ಲ. ಆರಿಸದವರನ್ನು ಯಾರೂ ಕೇಳುವುದಿಲ್ಲ, ಅವರ ಸಾಧನೆ ಬೇರೆ ಲೆಕ್ಕಕ್ಕೆ ಹೋಗುತ್ತದೆ.

ಕೊನೆಗೆ ನೀವೇ ಮಾಡಿ ನೋಡಬಹುದಾದ ಒಂದು ಪ್ರಯೋಗ. ಮಾರಿಯೋನ ಜೀವದ ಗೂಡು ಹದಿನಾರರ ಎಣಿಕೆಯಲ್ಲಿ 075ಎ ಎಂಬ ವಿಳಾಸದಲ್ಲಿದೆ. ಆಸೆಪಟ್ಟು ಅಲ್ಲಿ 200 ಎಂದು ಬರೆಯಿರಿ. ಇನ್ನು ಸಾವಿಲ್ಲವೆಂದುಕೊಂಡು ಮೊದಲ ಹಳ್ಳಕ್ಕೇ ಹಾರಿರಿ. ಆಟ ಅಲ್ಲಿಗೇ ಮುಗಿದುಹೋಗುತ್ತದೆ. ಜೀವ ಉಳಿದಿದೆಯೇ ಎಂದು ನೋಡುವಾಗ ಯಂತ್ರವು 127ನ್ನು ಮೀರಿದ ಸಂಖ್ಯೆಗಳನ್ನು ಸೊನ್ನೆಗಿಂತ ಕಡಿಮೆಯೆಂದು ಓದುತ್ತದೆ. ಇನ್ನೂರು ಜೀವಗಳ ಒಡೆಯನನ್ನು ಅದು ಸಾಲಗಾರನೆಂದು ತಿಳಿದು ಬಾಗಿಲು ಹಾಕಿಬಿಡುತ್ತದೆ.