ಯುರೋಪಿನ ಅಡ್ಡಹೆಸರುಗಳು: ಕಿವಿಯಿಂದ ದಾಖಲೆಯ ಕಡೆಗೆ

ಬೆಂಗಳೂರಿನ ಕಬ್ಬನ್ ಪಾರ್ಕಿಗೆ ತನ್ನ ಹೆಸರು ಬಿಟ್ಟುಹೋದ ಮಾರ್ಕ್ ಕಬ್ಬನ್ ಬೆಳೆದದ್ದು ಐರಿಷ್ ಸಮುದ್ರದ ನಡುವಿರುವ ಐಲ್ ಆಫ್ ಮ್ಯಾನ್ ಎಂಬ ಪುಟ್ಟ ದ್ವೀಪದಲ್ಲಿ. ಆ ದ್ವೀಪದ ಅಡ್ಡಹೆಸರುಗಳ ಜಾಯಮಾನವೇ ಬೇರೆ. ‘ಮಗ’ ಎಂಬರ್ಥದ ‘ಮ್ಯಾಕ್’ ಸ್ಕಾಟ್‌ಲೆಂಡಿನಲ್ಲೂ ಐರ್ಲೆಂಡಿನಲ್ಲೂ ಇದ್ದ ಹಾಗೇ ಉಳಿದರೆ, ಇಲ್ಲಿ ಅದರ ತಲೆ ಹಾರಿಹೋಗಿ ಕೊನೆಯ ‘ಕ್’ ಮಾತ್ರ ಮುಂದಿನ ಹೆಸರಿಗೆ ಅಂಟಿಕೊಂಡಿತು. ‘ಮ್ಯಾಕ್ ಗಿಬ್ಬನ್’ ಸವೆದು ಕಬ್ಬನ್ ಆಯಿತು. ಗಿಬ್ಬನ್ ಎಂಬುದು ಗಿಲ್ಬರ್ಟನ ಮುದ್ದಿನ ರೂಪ. ಇನ್ನು ನಮ್ಮ ಶಾಸನಗಳನ್ನೆಲ್ಲ ಒಟ್ಟುಮಾಡಿ ‘ಎಪಿಗ್ರಾಫಿಯಾ ಕರ್ನಾಟಿಕಾ’ ತಂದ ಬಿ.ಎಲ್. ರೈಸ್. ರೈಸ್ ಎಂಬ ಅಡ್ಡಹೆಸರು ಸಾಮಾನ್ಯವಾಗಿ ವೇಲ್ಸಿನ ‘ರೀಸ್’ ಎಂಬ ಹಳೆಯ ಹೆಸರಿನ ಇಂಗ್ಲಿಷ್ ರೂಪ. ಅದರ ಹಿಂದೆ ‘ಮಗ’ ಎಂಬರ್ಥದ ‘ಆಪ್’ ಸೇರಿದರೆ ‘ಪ್ರೈಸ್’. ಅಕ್ಕಿಯೂ ಇಲ್ಲ, ಬೆಲೆಯೂ ಇಲ್ಲ. ನಿಘಂಟುಕಾರ ಕಿಟ್ಟೆಲ್ಲರ ಹೆಸರಿಗೆ ಮಾತ್ರ ಜರ್ಮನ್ನಿನಲ್ಲಿ ಈಗಲೂ ನೇರ ಅರ್ಥವಿದೆ: ಕೆಲಸದ ಹೊತ್ತಿನಲ್ಲಿ ತೊಡುವ ದೊಗಲೆ ನಿಲುವಂಗಿ. ಹಿಂದೆ ಯಾರೋ ಅದನ್ನು ಹೊಲಿಯುತ್ತಿದ್ದರು, ಇಲ್ಲವೇ ಸದಾ ತೊಡುತ್ತಿದ್ದರು.

ಕಿವಿಗೆ ಕೇಳಿಸಿದ್ದನ್ನು ನಂಬಿದರೆ ರೈಸ್ ಅಕ್ಕಿಯಾಗುತ್ತದೆ. ಹಳೆಯ ಕಾಗದ ತಿರುವಿದರೆ ವೇಲ್ಸಿನವನಾಗುತ್ತಾನೆ. ಯುರೋಪಿನಲ್ಲಿ ಹೆಸರುಗಳ ಅಧ್ಯಯನ ನಾನೂರು ವರ್ಷಗಳಲ್ಲಿ ಸಾಗಿಬಂದ ದೂರ ಹೆಚ್ಚುಕಡಿಮೆ ಇಷ್ಟೇ. ಆದರೆ ದಾರಿ ನೇರವಾಗಿರಲಿಲ್ಲ.

ಮೊದಲು ಹೆಜ್ಜೆಯಿಟ್ಟವರಲ್ಲಿ ವಿಲಿಯಂ ಕ್ಯಾಮ್ಡನ್ ಮುಖ್ಯ. ಲಂಡನ್ನಿನ ವೆಸ್ಟ್‌ಮಿನ್‌ಸ್ಟರ್ ಶಾಲೆಯಲ್ಲಿ ಹೆಡ್‌ಮಾಸ್ತರನಾಗಿದ್ದ ಈತ 1605ರಲ್ಲಿ ಹೊರತಂದ ‘ರಿಮೇನ್ಸ್’ ಪುಸ್ತಕದಲ್ಲಿ ಇಟ್ಟ ಹೆಸರುಗಳನ್ನೂ ಅಡ್ಡಹೆಸರುಗಳನ್ನೂ ಬೇರೆಬೇರೆಯಾಗಿ ಚರ್ಚಿಸಿದ. ಊರಿನಿಂದ ಬಂದವು, ಕಸುಬಿನಿಂದ ಬಂದವು, ತಂದೆಯ ಹೆಸರಿನಿಂದ ಬಂದವು, ಮೈಕಟ್ಟನ್ನೋ ಗುಣವನ್ನೋ ಆಡಿಕೊಂಡು ಕರೆದವು ಎಂದು ಇಂದಿನ ನಿಘಂಟುಗಳು ಮಾಡುವ ವಿಂಗಡಣೆಯ ಬೇರು ಅಲ್ಲೇ ಇದೆ. ಇಂಗ್ಲೆಂಡಿನಲ್ಲಿ ಅಡ್ಡಹೆಸರು ನೆಲೆಯೂರಿದ್ದು 1066ರಲ್ಲಿ ನಾರ್ಮನ್ನರು ಗೆದ್ದ ಕಾಲದಿಂದೀಚೆಗೆ ಎಂಬ ಅವನ ಮಾತೂ ನಿಂತಿದೆ. ಗೆದ್ದವರ ಜೊತೆ ಅವರ ಹೆಸರುಗಳೂ ಬಂದವು. ಗಾಡ್‌ವಿನ್, ವುಲ್ಫ್‌ಸ್ಟನ್‌ಗಳು ಕೆಲವೇ ತಲೆಮಾರಿನಲ್ಲಿ ಹಿಂದೆ ಸರಿದು ವಿಲಿಯಂ, ರಾಬರ್ಟ್, ರಿಚರ್ಡ್, ಆಮೇಲೆ ಜಾನ್ ಎಲ್ಲೆಡೆ ತುಂಬಿಕೊಂಡರು. ಊರಿಗೆ ಹತ್ತು ಜಾನ್ ಇದ್ದರೆ ತೆರಿಗೆ ಬರೆಯುವ ಗುಮಾಸ್ತನ ಪಾಡೇನು? ಜಮೀನು ತಂದೆಯಿಂದ ಮಗನಿಗೆ ಇಳಿಯುವಾಗ ಪತ್ರದಲ್ಲಿ ಯಾವ ಜಾನ್ ಎಂದು ಬರೆಯುವುದು? ಅಡ್ಡಹೆಸರು ಗಟ್ಟಿಯಾದದ್ದು ಈ ಒತ್ತಡದಲ್ಲಿ.

ಜರ್ಮನ್ನರ ದಾರಿ ಬೇರೆ. ಯಾಕೋಬ್ ಗ್ರಿಮ್ಮನ ಒತ್ತಾಸೆಯಿಂದ ಬರ್ಲಿನ್ ಅಕಾಡೆಮಿ, 1100ರ ತನಕದ ಜರ್ಮನ್ ಹೆಸರುಗಳನ್ನೆಲ್ಲ ಕಲೆಹಾಕಿದವರಿಗೆ ಬಹುಮಾನ ಕೊಡುವುದಾಗಿ ಸಾರಿತು. ಕೈಹಾಕಿದವನು ಎರ್ನ್ಸ್ಟ್ ಫರ್ಸ್ಟೆಮಾನ್ ಎಂಬ ಲೈಬ್ರರಿಯನ್. ಅವನ ವ್ಯಕ್ತಿನಾಮಗಳ ಸಂಪುಟ ಬಂದದ್ದು 1856ರಲ್ಲಿ. (ಇದೇ ಮನುಷ್ಯ ಮುಂದೆ ಡ್ರೆಸ್ಡೆನ್ನಿನ ಗ್ರಂಥಾಲಯದಲ್ಲಿದ್ದ ಮಾಯಾ ಹಸ್ತಪ್ರತಿಯನ್ನು ಹಿಡಿದು ಕೂತು ಆ ಜನರ ಕಾಲಗಣನೆಯ ಲೆಕ್ಕ ಬಿಡಿಸಿದ. ಪಟ್ಟಿ ಮಾಡುವ ತಾಳ್ಮೆ ಎಲ್ಲಿಗೆ ಬೇಕಾದರೂ ಒಯ್ಯುತ್ತದೆ.) ಹೆಸರುಗಳನ್ನು ಹೀಗೆ ರಾಶಿ ಹಾಕಿ ನೋಡಿದಾಗ ಕಣ್ಣಿಗೆ ಬಿದ್ದ ಸಂಗತಿ ದೊಡ್ಡದು. ಹಳೆಯ ಜರ್ಮಾನಿಕ್ ಹೆಸರುಗಳು ಎರಡು ತುಂಡುಗಳ ಜೋಡಣೆ, ಆದರೆ ಜೋಡಿಸಿದ ಮೇಲೆ ಅರ್ಥ ಕೂಡಿಬರಲೇಬೇಕೆಂದಿಲ್ಲ. ‘ಹಿಲ್ಡೆಗುಂಡ್’ ಎಂಬಲ್ಲಿ ಎರಡು ತುಂಡಿಗೂ ಯುದ್ಧವೆಂದೇ ಅರ್ಥ. ‘ಫ್ರೆಡೆಗುಂಡ್’ ಎಂದರೆ ಶಾಂತಿ ಮತ್ತು ಯುದ್ಧ. ಇಂಗ್ಲೆಂಡಿನ ವುಸ್ಟರ್‌ನಲ್ಲಿ ಬಿಷಪ್ ಆಗಿದ್ದು 1095ರಲ್ಲಿ ತೀರಿಕೊಂಡ ಸಂತ ವುಲ್ಫ್‌ಸ್ಟನ್ನನ ಹೆಸರನ್ನು ಬಿಡಿಸಿದರೆ ‘ತೋಳ-ಕಲ್ಲು’. ಏನಿದರ ಅರ್ಥ ಎಂದು ತಲೆ ಕೆಡಿಸಿಕೊಳ್ಳಬೇಕಿಲ್ಲ. ತಂದೆ ಎಥೆಲ್‌ಸ್ಟನ್, ತಾಯಿ ವುಲ್ಫ್‌ಗಿಫು. ತಾಯಿಯಿಂದ ತೋಳ, ತಂದೆಯಿಂದ ಕಲ್ಲು. ಮಗುವಿನ ಹೆಸರು ಹೇಳುತ್ತಿದ್ದದ್ದು ಇವನು ಯಾರ ಮಗ ಎಂಬುದನ್ನು.

ಇಂಗ್ಲೆಂಡಿನಲ್ಲಿ ಇಟ್ಟ ಹೆಸರುಗಳ ಮೊದಲ ದೊಡ್ಡ ಅಧ್ಯಯನ ಒಬ್ಬ ಕಾದಂಬರಿಕಾರ್ತಿಯದು. ಷಾರ್ಲಟ್ ಯಂಗ್ 1863ರಲ್ಲಿ ಬರೆದ ಪುಸ್ತಕದ ಎಷ್ಟೋ ವ್ಯುತ್ಪತ್ತಿಗಳು ಈಗ ನಿಲ್ಲುವುದಿಲ್ಲ. ಆದರೂ ಒಂದು ಹೆಸರನ್ನು ಭಾಷೆಯಿಂದ ಭಾಷೆಗೆ ಬೆನ್ನಟ್ಟುವ ಅವಳ ಉಪಾಯ ಉಳಿಯಿತು. ಹೀಬ್ರೂವಿನ ಯೋಹಾನಾನ್ ಗ್ರೀಕ್, ಲ್ಯಾಟಿನ್ ದಾಟಿ ಜಾನ್, ಜಾನ್ (ಫ್ರೆಂಚರ ಮೂಗಿನಲ್ಲಿ), ಹುವಾನ್, ಜೊವಾನ್ನಿ, ಇವಾನ್, ಹಾನ್ಸ್, ಶಾನ್, ಇಯಾನ್ ಆಗುತ್ತ ಹೋಗಿ, ಪೋರ್ಚುಗೀಸರ ಬಾಯಿಂದ ನಮ್ಮ ಕರಾವಳಿಯ ಕೊಂಕಣಿಗೆ ಜುವಾಂವ್ ಆಗಿ ಬಂದಿಳಿದಿದೆ.

ಅಡ್ಡಹೆಸರಿನ ವಿಷಯದಲ್ಲಿ ಚಾರ್ಲ್ಸ್ ಬಾರ್ಡ್ಸ್‌ಲಿ ಎಂಬ ಪಾದ್ರಿ ಹಳೆಯ ಸರ್ಕಾರಿ ಸುರುಳಿಗಳನ್ನು ಬಿಚ್ಚಿ ಕೂತ. ಅವನ ನಿಘಂಟು ಬಂದದ್ದು ಅವನು ತೀರಿಕೊಂಡ ಮೇಲೆ, 1901ರಲ್ಲಿ. 1958ರಲ್ಲಿ ಪಿ.ಎಚ್. ರೀನಿ ಆ ಕೆಲಸವನ್ನು ಇನ್ನಷ್ಟು ಬಿಗಿ ಮಾಡಿದ. ಪ್ರತಿ ಹೆಸರಿಗೂ ಹಳೆಯ ಕಾಗುಣಿತ, ವರ್ಷ, ಜಿಲ್ಲೆ. ಇವು ಸಿಕ್ಕಾಗ ಏನಾಗುತ್ತದೆ ಎಂಬುದಕ್ಕೆ ಫುಲ್ಲರ್, ಟಕ್ಕರ್, ವಾಕರ್ ಎಂಬ ಮೂರು ಹೆಸರು ಸಾಕು. ಮಗ್ಗದಿಂದ ಇಳಿದ ಉಣ್ಣೆ ಬಟ್ಟೆ ಸಡಿಲ, ಮೇಲಾಗಿ ಕುರಿಯ ಜಿಡ್ಡು. ಅದನ್ನು ತೊಟ್ಟಿಗೆ ಹಾಕಿ, ನೀರಿನ ಜೊತೆ ಹುಳಿತ ಮೂತ್ರವನ್ನೋ, ನಾವು ಮುಖಕ್ಕೆ ಹಚ್ಚುವ ಮುಲ್ತಾನಿ ಮಿಟ್ಟಿಯ ಜಾತಿಯ ಮಣ್ಣನ್ನೋ ಬೆರೆಸಿ ಗಂಟೆಗಟ್ಟಲೆ ಕಾಲಲ್ಲಿ ತುಳಿಯಬೇಕು. ಆಗ ಎಳೆ ಹೆಣೆದುಕೊಂಡು ಬಟ್ಟೆ ದಪ್ಪಗಾಗುತ್ತದೆ. ಈ ಕೆಲಸ ಮಾಡುವವನು ಇಂಗ್ಲೆಂಡಿನ ಆಗ್ನೇಯದಲ್ಲಿ ಫುಲ್ಲರ್, ನೈಋತ್ಯದ ಡೆವನ್ ಕಡೆ ಟಕ್ಕರ್, ಉತ್ತರದಲ್ಲಿ ವಾಕರ್. ವಾಕರ್ ಎಂದರೆ ವಾಯುವಿಹಾರಕ್ಕೆ ಹೊರಟವನೆಂದು ತಿಳಿದವರಿಗೆ ಆ ತೊಟ್ಟಿಯ ನಾತ ತಿಳಿದಿಲ್ಲ. ಮೂರಕ್ಕೂ ಅರ್ಥ ಒಂದೇ ಆದ್ದರಿಂದ ನಿಘಂಟಿನ ಅರ್ಥಸಾಲು ಇಲ್ಲಿ ಏನನ್ನೂ ಹೆಚ್ಚಾಗಿ ಹೇಳುವುದಿಲ್ಲ; ಮನೆತನ ಯಾವ ಸೀಮೆಯದು ಎಂಬುದನ್ನು ಹೇಳುವುದು ಮೂರರ ನಡುವಿನ ವ್ಯತ್ಯಾಸ.

ರೀನಿ ಎಡವಿದ್ದೂ ಇಲ್ಲೇ. ಹದಿಮೂರನೇ ಶತಮಾನದಲ್ಲಿ ಒಂದು ಜಿಲ್ಲೆಯಲ್ಲಿ ಸಿಕ್ಕ ಹೆಸರನ್ನು ಇಂದು ಇನ್ನೊಂದು ಮೂಲೆಯಲ್ಲಿರುವ ಅದೇ ಉಚ್ಚಾರದ ಹೆಸರಿಗೆ ಗಂಟು ಹಾಕುತ್ತಿದ್ದ. ನಡುವಿನ ಆರೇಳು ಶತಮಾನದಲ್ಲಿ ಆ ಮನೆಯವರು ಎಲ್ಲಿದ್ದರು ಎಂದು ಹುಡುಕುತ್ತಿರಲಿಲ್ಲ. ಯಾರ್ಕ್‌ಷೈರಿನ ಜಾರ್ಜ್ ರೆಡ್ಮಂಡ್ಸ್ ಪಟ್ಟು ಹಿಡಿದದ್ದು ಇದನ್ನೇ. ಲೆಸ್ಟರ್ ವಿಶ್ವವಿದ್ಯಾಲಯದಲ್ಲಿ 1965ರಲ್ಲಿ ಶುರುವಾದ ಅಡ್ಡಹೆಸರುಗಳ ಸಮೀಕ್ಷೆಯ ಮಾಲೆಯಲ್ಲಿ 1973ರಲ್ಲಿ ಬಂದ ಅವನ ಪುಸ್ತಕ ಒಂದೊಂದು ಹೆಸರನ್ನೂ ಅದರ ಕಣಿವೆ, ಹಳ್ಳಿ, ಒಕ್ಕಲುಮನೆಗಳ ತನಕ ಒಯ್ದಿತು. ನನ್ನ ಮಟ್ಟಿಗೆ ಈ ಕ್ಷೇತ್ರ ಪ್ರಾಯಕ್ಕೆ ಬಂದದ್ದು ರೆಡ್ಮಂಡ್ಸನ ಕೈಯಲ್ಲಿ.

ಇದರ ನಡುವೆ ಹೆಸರಿನ ಅರ್ಥದ ಗೊಡವೆಯೇ ಇಲ್ಲದವರೂ ಹೆಸರುಗಳನ್ನು ಹಿಡಿದುಕೊಂಡರು. ದೊಡ್ಡ ಮನೆತನಗಳ ಹೆಸರು ಯಾಕೆ ಅಳಿಯುತ್ತವೆ ಎಂಬ ಪ್ರಶ್ನೆ ಫ್ರಾನ್ಸಿಸ್ ಗಾಲ್ಟನ್ನನದು. ಪಾದ್ರಿ ಹೆನ್ರಿ ವಾಟ್ಸನ್ ಜೊತೆ 1874ರಲ್ಲಿ ಅದನ್ನು ಗಣಿತಕ್ಕಿಳಿಸಿದ. ವಾಟ್ಸನ್ನನ ಉತ್ತರ, ಅಂದರೆ ಕೊನೆಗೆ ಎಲ್ಲ ಹೆಸರೂ ಅಳಿಯುತ್ತದೆ ಎಂಬುದು, ತಪ್ಪಾಗಿತ್ತು. ಲೆಕ್ಕದ ಚೌಕಟ್ಟು ಮಾತ್ರ ಉಳಿದು ಅಣುವಿದಳನದ ಸರಪಳಿಗೂ ಸಾಂಕ್ರಾಮಿಕ ರೋಗದ ಹರಡುವಿಕೆಗೂ ಬಳಕೆಗೆ ಬಂತು. ಮರುವರ್ಷ ಚಾರ್ಲ್ಸ್ ಡಾರ್ವಿನ್ನನ ಮಗ ಜಾರ್ಜ್, ಒಂದೇ ಅಡ್ಡಹೆಸರಿನ ಗಂಡು-ಹೆಣ್ಣಿನ ಮದುವೆಗಳನ್ನು ಎಣಿಸಿ ದೊಡ್ಡಪ್ಪ-ಚಿಕ್ಕಪ್ಪನ, ಅತ್ತೆ-ಮಾವನ ಮಕ್ಕಳ ನಡುವಿನ ಮದುವೆ ಎಷ್ಟೆಂದು ಅಂದಾಜು ಮಾಡಿದ. ಅವನ ತಂದೆತಾಯಿಯೇ ಸೋದರಸಂಬಂಧಿಗಳಾಗಿದ್ದದ್ದರಿಂದ ಕುತೂಹಲ ಸಹಜವೇ.

ಸರ್ಕಾರಗಳು ಹೆಸರಿಗೆ ಕೈಹಾಕಿದ ಕಥೆ ಇನ್ನೊಂದು. ಆಸ್ಟ್ರಿಯಾದ ಎರಡನೇ ಜೋಸೆಫ್ 1787ರಲ್ಲಿ ಯಹೂದಿಗಳು ಖಾಯಂ ಅಡ್ಡಹೆಸರು ಹೊಂದಬೇಕೆಂದ. ನೆಪೋಲಿಯನ್ 1811ರಲ್ಲಿ ಡಚ್ಚರಿಗೂ ಅದನ್ನೇ ವಿಧಿಸಿದ. ಆಗ ಡಚ್ಚರು ಅವನನ್ನು ಗೇಲಿ ಮಾಡಲು ‘ನಾಕ್ಟ್‌ಗೆಬೋರೆನ್’, ಅಂದರೆ ‘ಬೆತ್ತಲೆ ಹುಟ್ಟಿದವನು’, ಎಂಬಂಥ ಹೆಸರು ಬರೆಸಿದರೆಂಬ ಕಥೆ ಈಗಲೂ ಚಾಲ್ತಿಯಲ್ಲಿದೆ. ಕಥೆ ಚೆನ್ನಾಗಿದೆ, ನಿಜ ಮಾತ್ರ ಅಲ್ಲ. ಹೆಸರು ನೆಪೋಲಿಯನ್ನನಿಗಿಂತ ಹಳೆಯದು; ತಂದೆ ಸತ್ತ ಮೇಲೆ ಹುಟ್ಟಿದ ಮಗುವಿಗೆ ಹೇಳುವ ‘ನಾಖ್‌ಗೆಬೋರೆನ್’ ಎಂಬ ಜರ್ಮನ್ ಮಾತು ಡಚ್ ಕಿವಿಗೆ ಹೀಗೆ ಕೇಳಿಸಿತು.

ಹೆಸರಿನ ನಿಘಂಟಿನರ್ಥಕ್ಕೂ ಬೀದಿಯ ಅರ್ಥಕ್ಕೂ ಎಷ್ಟು ದೂರ ಎಂಬುದನ್ನು 1920ರ ದಶಕದ ಬರ್ಲಿನ್ ತೋರಿಸಿತು. ನಗರದ ಪೊಲೀಸ್ ಉಪಾಧ್ಯಕ್ಷನಾಗಿದ್ದ ಯಹೂದಿ ಬರ್ನ್‌ಹಾರ್ಡ್ ವೈಸ್‌ನನ್ನು ನಾಜಿ ಮುಖಂಡ ಗೋಬೆಲ್ಸ್ ತನ್ನ ಪತ್ರಿಕೆಯಲ್ಲೂ ಸಭೆಗಳಲ್ಲೂ ‘ಇಸಿಡೋರ್’ ಎಂದೇ ಕರೆದು ಹಂಗಿಸಿದ. ಇಸಿಡೋರ್ ಎಂದರೆ ‘ಐಸಿಸ್ ದೇವಿಯ ವರ’, ಅಪ್ಪಟ ಗ್ರೀಕ್ ಹೆಸರು. ಸೆವಿಲ್ಲಿನ ಪ್ರಸಿದ್ಧ ಕ್ರೈಸ್ತ ಸಂತನ ಹೆಸರೂ ಅದೇ. ಆದರೆ ಅಂದಿನ ಜರ್ಮನಿಯಲ್ಲಿ ಅದು ಯಹೂದಿಯನ್ನು ಗುರುತಿಸುವ ಬೈಗುಳವಾಗಿತ್ತು. ನಾಜಿಗಳ 1938ರ ಆಜ್ಞೆ ಇನ್ನೂ ಮುಂದೆ ಹೋಗಿ, ಸರ್ಕಾರದ ಪಟ್ಟಿಯಲ್ಲಿರುವ ಹೆಸರಿಲ್ಲದ ಯಹೂದಿ ಗಂಡಸರು 1939ರ ಜನವರಿಯಿಂದ ‘ಇಸ್ರಾಯೆಲ್’ ಎಂದೂ ಹೆಂಗಸರು ‘ಸಾರಾ’ ಎಂದೂ ಸೇರಿಸಿಕೊಳ್ಳಬೇಕೆಂದಿತು. ಹೆಸರು ಹೀಗೆ ಕಳಂಕವಾದ ಬಗೆಯನ್ನು ಡೀಟ್ಸ್ ಬೆರಿಂಗ್ 1987ರ ತನ್ನ ಪುಸ್ತಕದಲ್ಲಿ ಬಿಡಿಸಿಟ್ಟ. ವ್ಯುತ್ಪತ್ತಿಯ ನಿಘಂಟುಗಳು ಇದರ ಬಗ್ಗೆ ಬಾಯಿ ಬಿಡುವುದಿಲ್ಲ.

2000ದಲ್ಲಿ ತಳಿವಿಜ್ಞಾನ ಬಾಗಿಲು ತಟ್ಟಿತು. ಆಕ್ಸ್‌ಫರ್ಡಿನ ಬ್ರಯಾನ್ ಸೈಕ್ಸ್ ತನ್ನದೇ ಅಡ್ಡಹೆಸರಿನ ಗಂಡಸರ ವೈ ಕ್ರೋಮೋಸೋಮ್ ಪರೀಕ್ಷಿಸಿದ. ವೈ ಕ್ರೋಮೋಸೋಮೂ ಅಡ್ಡಹೆಸರೂ ಇಳಿಯುವುದು ತಂದೆಯಿಂದ ಮಗನಿಗೇ. ಸೈಕ್ಸ್ ಎಂಬುದು ಯಾರ್ಕ್‌ಷೈರಿನಲ್ಲಿ ಸಣ್ಣ ಹಳ್ಳಕ್ಕೆ ಹೇಳುವ ಮಾತಿನಿಂದ ಬಂದದ್ದು. ಹಳ್ಳಗಳು ನೂರಾರು; ಹಾಗಾಗಿ ಈ ಹೆಸರು ಹಲವೆಡೆ ಬೇರೆಬೇರೆಯಾಗಿ ಹುಟ್ಟಿರಬೇಕೆಂದು ಎಲ್ಲರ ಊಹೆ. ಆದರೆ ಪರೀಕ್ಷೆಗೆ ಸಿಕ್ಕವರಲ್ಲಿ ಅರ್ಧದ ಹತ್ತಿರದಷ್ಟು ಜನರಲ್ಲಿ ಒಂದೇ ಗುರುತು ಕಂಡಿತು, ಮೂಲಪುರುಷ ಒಬ್ಬನೇ ಎಂಬಂತೆ. ಉಳಿದವರಲ್ಲಿ ದತ್ತು, ಮದುವೆಯಾಚೆಯ ಹುಟ್ಟು ಎಲ್ಲ ಸೇರಿ ಏಳು ಶತಮಾನದಲ್ಲಿ ಎಳೆ ಕಡಿದಿತ್ತು. 2009ರಲ್ಲಿ ಟೂರಿ ಕಿಂಗ್ ಮತ್ತು ಮಾರ್ಕ್ ಜಾಬ್ಲಿಂಗ್ 40 ಅಡ್ಡಹೆಸರುಗಳನ್ನು ನೋಡಿದಾಗ ಚಿತ್ರ ಸ್ಪಷ್ಟವಾಯಿತು: ಹೆಸರು ಅಪರೂಪವಾದಷ್ಟೂ ರಕ್ತಸಂಬಂಧ ಗಟ್ಟಿ. ಸ್ಮಿತ್‌ಗಳಲ್ಲಿ ಅದು ಕಾಣಲೇ ಇಲ್ಲ. ಊರಿಗೊಬ್ಬ ಕಮ್ಮಾರ ಇದ್ದೇ ಇದ್ದ.

ಈಗ ದೊಡ್ಡ ಕೆಲಸಗಳೆಲ್ಲ ಗಣತಿ ಮತ್ತು ನಕ್ಷೆಗಳ ಮೇಲೆ ನಿಂತಿವೆ. ಜರ್ಮನ್ನರು 2005ರ ದೂರವಾಣಿ ಪಟ್ಟಿಯಿಂದ ಅಡ್ಡಹೆಸರುಗಳ ಭೂಪಟವನ್ನೇ ತಯಾರಿಸಿದರು. ಬ್ರಿಟನ್ ಮತ್ತು ಐರ್ಲೆಂಡ್‌ಗೆ 2016ರಲ್ಲಿ ಬಂದ ಆಕ್ಸ್‌ಫರ್ಡ್ ನಿಘಂಟಿನಲ್ಲಿ 45,000ಕ್ಕೂ ಹೆಚ್ಚು ಹೆಸರುಗಳಿವೆ. 1881ರ ಜನಗಣತಿಯಲ್ಲಿ ಯಾವ ಹೆಸರು ಎಲ್ಲಿ ಗುಂಪುಗೂಡಿತ್ತು ಎಂಬುದು ಅದರ ಬೆನ್ನೆಲುಬು.

ಇದೇ ಕಣ್ಣಿನಿಂದ ನೋಡಬೇಕಾದ ಹೆಸರುಗಳು ಮಂಗಳೂರಿನಲ್ಲಿವೆ. ಲೋಬೊ ಎಂದರೆ ಪೋರ್ಚುಗೀಸಿನಲ್ಲಿ ತೋಳ, ಕುವೆಲ್ಲೊ ಮೊಲ, ಡಿ’ಸಿಲ್ವ ಕಾಡಿನವನು. ತೇಜಸ್ವಿಯವರ ಕಾದಂಬರಿಯಿಂದ ಮನೆಮಾತಾದ ಕರ್ವಾಲೊ ಓಕ್ ಮರ. ರೊಡ್ರಿಗಸ್ ಎಂದರೆ ರೊಡ್ರಿಗೊನ ಮಗ. ರೊಡ್ರಿಗೊ ಗಾಥ್ ಜನ ಐಬೀರಿಯಕ್ಕೆ ಒಯ್ದ ಜರ್ಮಾನಿಕ್ ಹೆಸರು, ಕೀರ್ತಿ ಮತ್ತು ಅಧಿಕಾರ ಎಂಬ ಎರಡು ತುಂಡು, ಫರ್ಸ್ಟೆಮಾನ್ನನ ಪಟ್ಟಿಯ ಸರಕೇ. ಆದರೆ ಈ ಹೆಸರುಗಳು ಮತಾಂತರದ ಹೊತ್ತಿನಲ್ಲಿ ಜ್ಞಾನಸ್ನಾನದ ಜೊತೆ ಬಂದವು. ಆದ್ದರಿಂದ ಇಬ್ಬರು ರೊಡ್ರಿಗಸರು ನೆಂಟರೇ ಆಗಬೇಕೆಂದಿಲ್ಲ, ಲಿಸ್ಬನ್ನಿನ ಬೇರು ಹುಡುಕುವುದಂತೂ ವ್ಯರ್ಥ. ಪ್ರಭು, ಕಾಮತ್, ಶೆಣೈ, ಪೈ ಎಂಬ ಹಳೆಯ ಮನೆತನದ ಹೆಸರನ್ನು ಎಷ್ಟೋ ಮನೆಗಳು ಇನ್ನೂ ನೆನಪಿಟ್ಟುಕೊಂಡಿವೆ. ಯಾವ ಪ್ರಭುಗಳು ಯಾವ ಊರಲ್ಲಿ ರೊಡ್ರಿಗಸರಾದರು ಎಂದು ತಿಳಿಯಲು ಪೋರ್ಚುಗೀಸ್ ನಿಘಂಟು ಸಾಲದು. ಗೋವಾ ಮತ್ತು ಕೆನರಾದ ಚರ್ಚುಗಳಲ್ಲಿ ಉಳಿದಿರುವ ರಿಜಿಸ್ಟರುಗಳನ್ನು ಯಾರಾದರೂ ರೆಡ್ಮಂಡ್ಸನ ಹಾಗೆ, ಹಳ್ಳಿ ಹಳ್ಳಿಯಾಗಿ, ಓದಬೇಕು.