‘ಹಾಯ್’ ಎಂದರೆ ಒಪ್ಪಿಗೆಯೆ?

ತಟ್ಟೆ ಇಡ್ಲಿಯಿಂದ ಪ್ರಸಿದ್ಧಿ ಪಡೆದ ಬಿಡದಿಯಲ್ಲಿ, 1999ರ ಡಿಸೆಂಬರಿನಲ್ಲಿ ಟೊಯೊಟಾ ಕಿರ್ಲೋಸ್ಕರ್ ಕಾರ್ಖಾನೆಯಿಂದ ಕ್ವಾಲಿಸ್ ವಾಹನಗಳು ಹೊರಬರತೊಡಗಿದ ತರುವಾಯ, ‘ಕೈಜೆನ್’ ಮೊದಲಾದ ಜಪಾನೀ ಶಬ್ದಗಳು ಆ ಸೀಮೆಯ ತರುಣರಿಗೆ ಅಪರಿಚಿತವಾಗಿ ಉಳಿಯಲಿಲ್ಲ. ಆದರೆ ಅಂಥ ಘನವಾದ ಶಬ್ದಗಳಿಗಿಂತ ನನ್ನ ಕುತೂಹಲವನ್ನು ಸೆಳೆದಿರುವುದು, ಸಂಭಾಷಣೆಯ ಮೊದಲ ಪಾಠದಲ್ಲಿಯೇ ಎದುರಾಗುವ ‘ಹಾಯ್’ ಎಂಬ ಕಿರುಪದ.

ಹಾಜರಿ ಕೂಗಿದರೆ ‘ಹಾಯ್’. ಹಿರಿಯರು ಕರೆದರೆ ‘ಹಾಯ್’. ಕೇಳಿದ ವಸ್ತುವನ್ನು ಕೈಗಿತ್ತು ‘ತಗೊಳ್ಳಿ’ ಎನ್ನುವ ಕಡೆಯೂ ‘ಹಾಯ್’. ಇದನ್ನು ಇಂಗ್ಲಿಷಿನ ‘ಯೆಸ್’ಗೆ ಗಂಟುಹಾಕಿ ಕಲಿಯುವ ಕನ್ನಡಿಗನು ವೃಥಾ ಸುತ್ತುದಾರಿಯನ್ನು ಹಿಡಿಯುತ್ತಾನೆಂದು ನನ್ನ ಮತ. ‘ಕಿನೋ ಇಕಿಮಾಸೆನ್ ದೆಶಿತಾ ಕಾ?’ ಎಂದರೆ ‘ನಿನ್ನೆ ಹೋಗಲಿಲ್ಲವೆ?’ ಎಂದರ್ಥ. ಹೋಗದವನು ಇಂಗ್ಲಿಷಿನಲ್ಲಾದರೆ ‘ನೋ’ ಎಂದು ತೊಡಗಬೇಕು. ಜಪಾನಿಯಲ್ಲಿ ‘ಹಾಯ್, ಇಕಿಮಾಸೆನ್ ದೆಶಿತಾ’ ಎನ್ನುತ್ತಾನೆ. ನಾವೂ ‘ಹೌದು, ಹೋಗಲಿಲ್ಲ’ ಎನ್ನುವವರೇ ಅಲ್ಲವೆ! ಕ್ರಿಯಾಪದವು ವಾಕ್ಯದ ತುದಿಯಲ್ಲಿ ನಿಲ್ಲುವುದು, ಅದರ ಬೆನ್ನಿಗೆ ಪ್ರಶ್ನಾರ್ಥಕ ಪ್ರತ್ಯಯವು ಬಂದು ಸೇರುವುದು, ಇವೂ ನಮಗೆ ಹೊಸವಲ್ಲ. ಹಳಗನ್ನಡದ ‘ಅಪ್ಪುದು’ ಎಂಬುದು ‘ಅಹುದು’ ಆಗಿ, ಸವೆದು ‘ಹೌದು’ ಆಯಿತಷ್ಟೆ. ನೀವು ನುಡಿದುದು ಇದ್ದಂತೆಯೇ ಇದೆ ಎಂಬ ಅದರ ಮೂಲಭಾವಕ್ಕೂ ‘ಹಾಯ್’ನ ಪ್ರಯೋಗಕ್ಕೂ ಬಹಳ ಅಂತರವಿಲ್ಲ.

ಅಪಾಯವಿರುವುದು ಬೇರೆಡೆ. ನಾವು ಮಾತನಾಡುತ್ತಿರುವಷ್ಟು ಹೊತ್ತೂ ಜಪಾನೀಯನು ನಡುನಡುವೆ ‘ಹಾಯ್’ ಎನ್ನುತ್ತಲೇ ಇರುತ್ತಾನೆ. ಈ ಪದ್ಧತಿಗೆ ಅವರಲ್ಲಿ ‘ಐಜುಚಿ’ ಎಂದು ಹೆಸರು. ಕುಲುಮೆಯಲ್ಲಿ ಗುರುಶಿಷ್ಯರು ಸರದಿಯ ಮೇಲೆ ಬಡಿಯುವ ಸುತ್ತಿಗೆಯಿಂದ ಬಂದ ಮಾತಿದು. ಅಜ್ಜಿಯ ಕಥೆಗೆ ಮೊಮ್ಮಕ್ಕಳು ಹೂಂಗುಟ್ಟಬೇಕಲ್ಲ, ಹೂಂಗುಟ್ಟದಿದ್ದರೆ ಕಥೆ ನಿಂತೇಹೋಗುತ್ತದಲ್ಲ, ಅದೇ ನ್ಯಾಯ. ಕೇಳಿಸಿಕೊಳ್ಳುತ್ತಿದ್ದೇನೆ ಎಂಬಷ್ಟೇ ಅದರ ಭಾವ, ಒಪ್ಪಿದ್ದೇನೆ ಎಂದಲ್ಲ. ಸಭೆಯಲ್ಲಿ ತನ್ನ ಸಲಹೆಗೆ ಹತ್ತಾರು ‘ಹಾಯ್’ಗಳು ದೊರೆತುವೆಂದು ಹಿಗ್ಗಿದವನು, ಮರುದಿನ ಕಡತವು ಕದಲದಿದ್ದುದನ್ನು ಕಂಡು ಜಪಾನೀಯರನ್ನು ಮಾತಿಗೆ ತಪ್ಪಿದವರೆಂದು ದೂರುವುದು ಅನ್ಯಾಯ.

ಆದುದರಿಂದ ಜಪಾನಿಯನ್ನು ಕಲಿಯತೊಡಗಿದ ತರುಣರು ಈ ಪದಕ್ಕೆ ನಮ್ಮ ‘ಹೂಂ’ ಮತ್ತು ‘ಹೌದು’ಗಳನ್ನೇ ಆಧಾರವಾಗಿ ಇಟ್ಟುಕೊಳ್ಳಲಿ. ಇನ್ನೊಂದು ಮಾತು: ಹಿರಿಯರ ಮುಂದೆ ‘ಹಾಯ್’ ಎಂದು ಒಂದೇ ಸಲ ಹೇಳಿರಿ, ‘ಹಾಯ್, ಹಾಯ್’ ಎಂದು ಬೆನ್ನುಬೆನ್ನಿಗೆ ಎರಡು ಸಲ ಹೇಳುವುದನ್ನು ಅಲ್ಲಿ ಅಸಡ್ಡೆಯೆಂದೇ ಎಣಿಸುತ್ತಾರೆ.