ಡುರಿನ್‌ನ ದಿನದ ಎಳೆಚಂದ್ರ: ಕುಬ್ಜರ ಕಾಲಗಣನೆಯ ಒಂದು ತೊಡಕು

ಜೆ.ಆರ್.ಆರ್. ಟೋಲ್ಕಿನ್ ಅವರ ‘ದಿ ಹಾಬಿಟ್’ (1937) ಕಾದಂಬರಿಯಲ್ಲಿ ಎಳೆಚಂದ್ರ ಎರಡು ಕಡೆ ಕಾಲದ ಗುರುತಾಗಿ ಬರುತ್ತದೆ. ಮೂರನೆಯ ಅಧ್ಯಾಯದಲ್ಲಿ ಎಲ್ರಾಂಡ್ ನಕಾಶೆಯ ಮೇಲಿನ ಚಂದ್ರಲಿಪಿಯನ್ನು ಓದುತ್ತಾನೆ. ಬರೆದ ದಿನದ ಋತುವೂ ಚಂದ್ರಕಲೆಯೂ ಒಟ್ಟಿಗೆ ಮರುಕಳಿಸಿದಾಗ ಮಾತ್ರ ಆ ಅಕ್ಷರಗಳು ಕಾಣುತ್ತವೆ. ಆ ಲಿಪಿ ಹೆಸರಿಸುವ ಡುರಿನ್‌ನ ದಿನದಂದು, ಮುಳುಗುವ ಸೂರ್ಯನ ಕಡೆಯ ಬೆಳಕು ಒಂಟಿ ಬೆಟ್ಟದ ಗುಪ್ತದ್ವಾರದ ಕೀಲಿಕಂಡಿಯನ್ನು ತೋರಿಸಬೇಕು. ಈ ದಿನಕ್ಕೆ ತಳಕುಹಾಕಿಕೊಂಡ ಕುಬ್ಜರ ಹೊಸ ವರ್ಷ ಶರತ್ಕಾಲದ ಕೊನೆಯ ಚಂದ್ರನ ಮೊದಲ ದಿನ ಹುಟ್ಟುತ್ತದೆ. ಎಂದರೆ ಅವರದು ಋತುಗಳಿಗೆ ಹೊಂದಿಸಿದ ಚಾಂದ್ರಮಾನ. ಇಷ್ಟರಲ್ಲಿ ಭಿನ್ನಾಭಿಪ್ರಾಯವಿಲ್ಲ. ಕರಡಿನಲ್ಲಿ ಶರತ್ಕಾಲದ ಮೊದಲ ಚಂದ್ರ ಎಂದಿದ್ದದ್ದು ಮುಂದೆ ಕೊನೆಯ ಚಂದ್ರ ಆಯಿತೆಂಬುದನ್ನೂ ಜಾನ್ ರೇಟ್ಲಿಫ್ 2007ರಲ್ಲಿ ಹಸ್ತಪ್ರತಿಗಳ ಆಧಾರದಿಂದ ತೋರಿಸಿದ್ದಾರೆ. ಇತ್ಯರ್ಥವಾಗದೆ ಉಳಿದಿರುವುದು ಕುಬ್ಜರ ನಾಯಕ ಥೋರಿನ್‌ನ ಒಂದು ಮಾತು: ಅಂಥ ದಿನ ಮತ್ತೆ ಯಾವಾಗ ಬರುವುದೆಂದು ಅಂದಾಜಿಸುವ ವಿದ್ಯೆ ಈಗಿನ ಕುಬ್ಜರಲ್ಲಿ ಉಳಿದಿಲ್ಲ. ತಮ್ಮದೇ ಹೊಸ ವರ್ಷವನ್ನು ಒಂದು ಜನಾಂಗ ಏಕೆ ಲೆಕ್ಕ ಹಾಕಲಾರದು?

ಖಗೋಳವಿಜ್ಞಾನಿ ಬ್ರ್ಯಾಡ್ಲಿ ಶೇಫರ್ 1994ರಲ್ಲಿ ‘ಗ್ರಿಫಿತ್ ಅಬ್ಸರ್ವರ್’ ಪತ್ರಿಕೆಯ ಲೇಖನದಲ್ಲಿ ಇದನ್ನು ಎಳೆಚಂದ್ರನ ಪ್ರಥಮ ದರ್ಶನದ ಅನಿಶ್ಚಿತತೆಗೆ ಜೋಡಿಸಿದರು. ವಾದ ಹಗುರವಾದುದಲ್ಲ. ಅಮಾವಾಸ್ಯೆಯ ಕ್ಷಣವನ್ನು ಗಣಿತದಿಂದ ಹಿಡಿಯಬಹುದು. ಆದ್ದರಿಂದಲೇ ಚಾಂದ್ರಮಾನ ಯುಗಾದಿಯ ದಿನವನ್ನು ನಮ್ಮ ಪಂಚಾಂಗಗಳು ಮುಂಚೆಯೇ ಅಚ್ಚುಹಾಕುತ್ತವೆ. ಆದರೆ ಚಂದ್ರದರ್ಶನದಿಂದ ತಿಂಗಳು ಆರಂಭಿಸುವವರು, ರಂಜಾನ್ ಮಾಸದಲ್ಲಿ ಆಗುವಂತೆ, ಕಡೆಯ ಸಂಜೆಯವರೆಗೂ ಕಾಯಬೇಕಾಗುತ್ತದೆ. ಕುಬ್ಜರದು ಈ ಎರಡನೆಯ ಪದ್ಧತಿ ಎಂಬ ಶೇಫರ್ ಅವರ ಊಹೆಯನ್ನು ನಾನೂ ಒಪ್ಪುತ್ತೇನೆ. ಥೋರಿನ್‌ನ ಅಸಹಾಯಕತೆಗೆ ಅದು ಸಾಕಾಗುವ ಕಾರಣವೇ ಎಂಬುದರಲ್ಲಿ ಮಾತ್ರ ನನ್ನ ತಕರಾರು.

ಪ್ರಥಮ ದರ್ಶನದ ಅನಿಶ್ಚಿತತೆ ಸಾಮಾನ್ಯವಾಗಿ ಒಂದು ದಿನದ್ದು. ಮೋಡ ಕವಿದರೆ ಇನ್ನೊಂದು ದಿನ ಸೇರಬಹುದು. ಅಷ್ಟೇ ಸಂದೇಹವಿದ್ದವರು ಆ ಒಂದೆರಡು ಸಂಜೆ ಪಡುವಣದತ್ತ ಕಣ್ಣಿಟ್ಟು ಕೂರುತ್ತಾರೆ. ಹನ್ನೊಂದನೆಯ ಅಧ್ಯಾಯದ ಕುಬ್ಜರು ಹಾಗೆ ಮಾಡುವುದಿಲ್ಲ. ಶರತ್ಕಾಲದ ಕೊನೆಯ ವಾರ ನಾಳೆ ಶುರುವಾಗುತ್ತದೆಂದು ಥೋರಿನ್‌ನೇ ಹೇಳುತ್ತಾನೆ. ಆದರೂ ಮರುದಿನ ಅವರೆಲ್ಲ ಬೆಟ್ಟದ ಮೇಲೆ ಚದುರಿಹೋಗುತ್ತಾರೆ. ಸೂರ್ಯನಿರುವಾಗಲೇ ತೆಳುವಾದ ಮಸುಕು ಚಂದ್ರನನ್ನು ಕಾಣುವವನು ಕಥಾನಾಯಕ ಬಿಲ್ಬೊ. ಇದಕ್ಕಿಂತ ಮುಖ್ಯವಾದ ಸಂಗತಿ ಇನ್ನೊಂದಿದೆ. ವಿದ್ಯೆ ಈಗ ಇಲ್ಲವೆನ್ನುವಾಗ ಅದು ಹಿಂದೆ ಇತ್ತೆಂದು ಥೋರಿನ್ ಸೂಚಿಸುತ್ತಾನೆ. ಮೋಡವನ್ನೂ ಮಂಜನ್ನೂ ಯಾವ ಕಾಲದ ಕುಬ್ಜರೂ ವರ್ಷದ ಮೊದಲೇ ಲೆಕ್ಕ ಹಾಕಿರಲಾರರು. ಆದ್ದರಿಂದ ಕಳೆದುಹೋದ ವಿದ್ಯೆ ಗಣಿತದ್ದಾಗಿರಬೇಕು.

ನನ್ನ ಸೂಚನೆ ಇದು: ಹೊಸ ವರ್ಷ ಪ್ರತಿ ವರ್ಷವೂ ಬರುತ್ತದೆ, ಡುರಿನ್‌ನ ದಿನ ಬರುವುದಿಲ್ಲ. ಥೋರಿನ್‌ನ ಮಾತನ್ನು ನಾನು ಓದುವಂತೆ, ವರ್ಷದ ಮೊದಲ ದಿನವೇ ಚಂದ್ರನೂ ಸೂರ್ಯನೂ ಒಟ್ಟಿಗೆ ಆಕಾಶದಲ್ಲಿ ಕಂಡಾಗ ಮಾತ್ರ ಅದಕ್ಕೆ ಆ ಹೆಸರು. ಚಂದ್ರ ಸೂರ್ಯನಿಂದ ದಿನಕ್ಕೆ ಸುಮಾರು 12 ಡಿಗ್ರಿ ದೂರ ಸರಿಯುತ್ತದೆ. ಪ್ರಥಮ ದರ್ಶನ ಸಾಮಾನ್ಯವಾಗಿ ಸೂರ್ಯಾಸ್ತದ ನಂತರವೇ ಆಗುತ್ತದೆ. ಹಿಂದಿನ ಸಂಜೆ ಕೂದಲೆಳೆಯಲ್ಲಿ ಕಣ್ತಪ್ಪಿದ ಚಂದ್ರ ಮಾತ್ರ ಮರುದಿನ ಹೊತ್ತು ಮುಳುಗುವ ಮುನ್ನ ಕಾಣುವಷ್ಟು ಬೆಳೆದಿರಬಹುದು. ಉತ್ತರದ ಸೀಮೆಗಳ ಶರತ್ಕಾಲದ ಸಂಜೆಗಳಲ್ಲಿ ಕ್ರಾಂತಿವೃತ್ತ ದಿಗಂತಕ್ಕೆ ಬಾಗಿರುವುದರಿಂದ ಎಳೆಚಂದ್ರ ತೀರ ಕೆಳಗಿರುತ್ತದೆ. ಹಾಗಾಗಿ ಈ ಸಂಯೋಗ ಆ ಋತುವಿನಲ್ಲಿ ಇನ್ನೂ ಅಪರೂಪ. ಟೋಲ್ಕಿನ್ ಈ ಕೋನಗಳನ್ನು ಅಳೆದಿದ್ದರೆಂದು ನಾನು ಹೇಳುತ್ತಿಲ್ಲ. ಎಷ್ಟು ವರ್ಷಕ್ಕೊಮ್ಮೆ ಎಂಬ ಲೆಕ್ಕವನ್ನೂ ಪಠ್ಯ ಕೊಡುವುದಿಲ್ಲ. ಕಥೆಗೆ ಬೇಕಾದಷ್ಟು ವಿರಳತೆ ಈ ಓದಿನಲ್ಲಿ ಸಿಗುತ್ತದೆ ಎಂಬಷ್ಟೇ ನನ್ನ ವಾದ.

ಎರಡು ಆಕ್ಷೇಪಗಳು ಏಳಬಹುದು. ಚಂದ್ರಸೂರ್ಯರ ಮಾತನ್ನು ಥೋರಿನ್ ಷರತ್ತಾಗಿ ಆಡದೆ, ಪ್ರತಿ ವರ್ಷದ ದಿನದ ವರ್ಣನೆಯಾಗಿ ಆಡಿರಬಹುದು ಎಂಬುದು ಮೊದಲನೆಯದು. ವಾಕ್ಯರಚನೆ ಇದಕ್ಕೆ ಅಡ್ಡಿಯಲ್ಲ. ಆದರೆ ಹಾಗೆ ಓದಿದರೆ, ಅಂಥ ದಿನ ಮತ್ತೆ ಬರುವುದು ಯಾವಾಗ ಎಂಬ ಅವನ ಚಿಂತೆಯೇ ಅರ್ಥ ಕಳೆದುಕೊಳ್ಳುತ್ತದೆ; ವರ್ಷಕ್ಕೊಮ್ಮೆ ತಪ್ಪದೆ ಬರುವುದಕ್ಕೆ ಯಾರೂ ಹೀಗೆ ಕೊರಗುವುದಿಲ್ಲ. ಮಕ್ಕಳ ಕಥೆಗೆ ಇಷ್ಟು ಲೆಕ್ಕಾಚಾರ ಹೊರಿಸುವುದು ಅತಿಯಾಯಿತು ಎಂಬುದು ಎರಡನೆಯದು. ಟೋಲ್ಕಿನ್ ತಮ್ಮ ಇನ್ನೊಂದು ಕಥೆಯ ಚಂದ್ರನ ಚಲನೆಯಲ್ಲಿ ದೋಷ ಕಂಡು ತಿದ್ದಿದ್ದನ್ನು 1944ರಲ್ಲಿ ಮಗ ಕ್ರಿಸ್ಟೋಫರ್‌ಗೆ ಬರೆದ ಪತ್ರದಲ್ಲಿ ಹೇಳಿದ್ದಾರೆ. 1960ರಲ್ಲಿ ‘ಹಾಬಿಟ್’ನ ಪ್ರಯಾಣಕ್ಕೂ ಚಂದ್ರಕಲೆಗಳಿಗೂ ತಾಳೆ ಹಾಕಲು ಯತ್ನಿಸಿದ್ದಾರೆ. ಇವು ಮೊದಲ ಆವೃತ್ತಿಯ ನಂತರದ ಸಾಕ್ಷ್ಯಗಳು. 1937ಕ್ಕೆ ಮುಂಚಿನ ಉದ್ದೇಶವನ್ನು ಸಾಬೀತುಮಾಡಲಾರವು. ಲೇಖಕ ತನ್ನ ಚಂದ್ರನನ್ನು ಬರಿಯ ಅಲಂಕಾರವೆಂದು ಬಗೆಯಲಿಲ್ಲ ಎಂಬುದಕ್ಕೆ ಮಾತ್ರ ಸಾಕು.

ಶರತ್ಕಾಲದ ಕೊನೆಯ ಚಂದ್ರ ಯಾವುದೆಂಬುದನ್ನು ನಿರ್ಧರಿಸುವ ಕುಬ್ಜರ ಚಳಿಗಾಲ ಯಾವ ದಿನ ಶುರುವಾಗುತ್ತದೆಂಬುದೂ ಇತ್ಯರ್ಥವಾಗಿಲ್ಲ. ಕಾದಂಬರಿಯ ಕೊನೆಯ ಯುದ್ಧ ಮುಗಿದ ಮೇಲೆ ಯೂಲ್ ಹಬ್ಬದ ಹೊತ್ತಿಗೆ ಬಿಲ್ಬೊ ಬಿಯಾರ್ನ್‌ನ ಮನೆಯಲ್ಲಿರುವುದರಿಂದ ಡಿಸೆಂಬರಿನ ಅಯನ ಸಂಕ್ರಾಂತಿ ಅದಾಗಲಾರದು. ಅಕ್ಟೋಬರ್ ಕೊನೆಯಲ್ಲಿ ಚಳಿಗಾಲವನ್ನು ಆರಂಭಿಸುವ ಐಸ್‌ಲ್ಯಾಂಡಿನ ಹಳೆಯ ಪಂಚಾಂಗ ಹೆಚ್ಚು ಹೊಂದುತ್ತದೆ. ಅದು ಟೋಲ್ಕಿನ್ ಅವರಿಗೆ ಆಧಾರವಾಗಿತ್ತೇ ಎಂಬುದನ್ನು ಬೇರೆಯಾಗಿ ಪರಿಶೀಲಿಸಬೇಕು. ಆ ತೀರ್ಮಾನ ಏನೇ ಆಗಲಿ, ಡುರಿನ್‌ನ ದಿನವನ್ನು ಕುಬ್ಜರ ವಾರ್ಷಿಕ ಯುಗಾದಿಯೆಂದು ಎಣಿಸುವ ರೂಢಿಯನ್ನು ಕೈಬಿಡುವುದು ಲೇಸು.